ದಾದಾಸಾಹೇಬ ಫಾಲ್ಕೆ: ಶಾಸ್ತ್ರಿಗಳ ಮಗ ಕಟ್ಟಿದ ಇಂದ್ರಜಾಲ

ನಮ್ಮ ಅಜ್ಜನವರು ತಮ್ಮ ದೀರ್ಘವಾದ ಬಾಳಿನಲ್ಲಿ ನೋಡಿದ ಸಿನೆಮಾಗಳು ಬೆರಳೆಣಿಕೆಯಷ್ಟು. ಅವುಗಳಲ್ಲಿ ಒಂದನ್ನು ಮಾತ್ರ ಅವರು ಕೊನೆಯವರೆಗೂ ಮರೆಯಲಿಲ್ಲ. ಹತ್ತು ಹನ್ನೆರಡು ವರ್ಷದ ಹುಡುಗರಾಗಿದ್ದಾಗ, ಕುರ್ತಕೋಟಿಯಿಂದ ಚಕ್ಕಡಿ ಹೂಡಿಕೊಂಡು ಹೊರಟ ಹಿರಿಯರ ಜೊತೆಗೆ ಗದಗಿನ ಜಾತ್ರೆಗೆ ಹೋಗಿ, ಅಲ್ಲಿ ಒಂದು ಡೇರೆಯೊಳಗೆ ನೆಲದ ಮೇಲೆ ಕುಳಿತು ನೋಡಿದ ಮೂಕಚಿತ್ರ ಅದು. ಬಾಲಕೃಷ್ಣನು ಮಡುವಿಗೆ ಧುಮುಕುತ್ತಾನೆ. ನೀರಿನ ಅಡಿಯಲ್ಲಿ ಮಹಾಸರ್ಪದೊಡನೆ ಸೆಣಸುತ್ತಾನೆ. ಕೊನೆಗೆ ಅದರ ಹೆಡೆಯ ಮೇಲೆ ನಿಂತು ಮೇಲಕ್ಕೆದ್ದು ಬರುತ್ತಾನೆ. ಪಡದೆಯ ಪಕ್ಕದಲ್ಲಿ ನಿಂತವನೊಬ್ಬ ಕನ್ನಡದಲ್ಲಿ ಕೂಗಿ ಕೂಗಿ ಕಥೆ ಹೇಳುತ್ತಿದ್ದನಂತೆ. ಹಾವು ಮೇಲೇಳುವ ಹೊತ್ತಿಗೆ ಅವನೂ ಮಾತು ನಿಲ್ಲಿಸಿ ಪಡದೆಯ ಕಡೆಗೆ ತಿರುಗಿ ನಿಂತುಬಿಟ್ಟನಂತೆ. ಅಜ್ಜನವರು ಉಳಿದ ಏನನ್ನು ಬಿಟ್ಟರೂ ಈ ವಿವರವನ್ನು ಬಿಡುತ್ತಿರಲಿಲ್ಲ.

ಮುಂದೆ ನಾನು ಧಾರವಾಡದಲ್ಲಿ ಕನ್ನಡ ಎಂ.ಎ. ಓದುತ್ತಿದ್ದಾಗ, ಪಾಠಕ್ಕೆ ಸಂಬಂಧಿಸದ ಪುಸ್ತಕಗಳನ್ನು ತಿರುವಿ ಹಾಕುವ ನನ್ನ ಹಳೆಯ ಚಾಳಿಯ ದೆಸೆಯಿಂದ, ಆ ಚಿತ್ರ ಯಾವುದೆಂಬುದು ತಿಳಿಯಿತು. ಅದು 1919ರಲ್ಲಿ ತೆರೆಕಂಡ ‘ಕಾಲಿಯಾ ಮರ್ದನ’. ತೆಗೆದವರು ಧುಂಡಿರಾಜ ಗೋವಿಂದ ಫಾಲ್ಕೆ, ಅಂದರೆ ದಾದಾಸಾಹೇಬ ಫಾಲ್ಕೆ. ಕೃಷ್ಣನಾಗಿ ಕುಣಿದವಳು ಅವರ ಪುಟ್ಟ ಮಗಳು ಮಂದಾಕಿನಿ. ಆ ವೇಳೆಗೆ ಅಜ್ಜನವರು ತೀರಿಕೊಂಡಿದ್ದರು. ತಾವು ಕೈಮುಗಿದ ಕೃಷ್ಣ ಏಳು ವರ್ಷದ ಒಬ್ಬ ಹುಡುಗಿ ಎಂದು ತಿಳಿದಿದ್ದರೆ ಏನೆನ್ನುತ್ತಿದ್ದರೋ! ಊರಿನ ದೊಡ್ಡಾಟದಲ್ಲಿ ತಾವೇ ಸ್ತ್ರೀವೇಷ ಕಟ್ಟಿದ್ದವರು. ಬಹುಶಃ ನಕ್ಕು ಸುಮ್ಮನಾಗುತ್ತಿದ್ದರು.

ಇಂದು ಫಾಲ್ಕೆಯವರ ಹೆಸರು ಕೇಳದವರಿಲ್ಲ. 1969ರಲ್ಲಿ ಭಾರತ ಸರಕಾರ ಅವರ ಹೆಸರಿನಲ್ಲಿ ಪ್ರಶಸ್ತಿಯೊಂದನ್ನು ಸ್ಥಾಪಿಸಿತು. 1995ರ ಪ್ರಶಸ್ತಿ ನಮ್ಮ ರಾಜಕುಮಾರರಿಗೂ, 2008ರದು ಮೈಸೂರಿನ ಛಾಯಾಗ್ರಾಹಕ ವಿ.ಕೆ. ಮೂರ್ತಿಯವರಿಗೂ ಸಂದಿತು. ಆದರೆ ಪ್ರಶಸ್ತಿಯಾಗಿ ಹೋದ ಮನುಷ್ಯನಿಗೆ ಒದಗುವ ದುರ್ಗತಿ ಒಂದಿದೆ: ಅವನ ಹೆಸರು ಎಲ್ಲರ ಬಾಯಲ್ಲಿ ನಿಲ್ಲುತ್ತದೆ, ಅವನು ಮಾಡಿದ ಕೆಲಸ ಯಾರ ಕಣ್ಣಿಗೂ ಬೀಳುವುದಿಲ್ಲ. ಫಾಲ್ಕೆಯವರು ಮಾಡಿದ ಕೆಲಸ ಮುಖ್ಯವಾಗಿ ಅದ್ಭುತವನ್ನು ತೋರಿಸುವುದು. ತಲೆ ದೇಹದಿಂದ ಬೇರೆಯಾಗಿ ಮೇಲೇರುವುದು, ಹನುಮಂತ ಆಕಾಶಮಾರ್ಗದಲ್ಲಿ ಹಾರುವುದು, ದೇವರು ಕಣ್ಣೆದುರಿಗೆ ಮೂಡಿ ಮಾಯವಾಗುವುದು ಅವರ ಕಸುಬಾಗಿತ್ತು. ಓದು ಬರಹ ಬಲ್ಲವರು ಇಂಥದನ್ನು ಮಕ್ಕಳಾಟವೆಂದು ತಳ್ಳಿಹಾಕುವುದು ವಾಡಿಕೆ. ನಾನೂ ಬಹುಕಾಲ ಹಾಗೆಯೇ ತಳ್ಳಿಹಾಕಿದವನು. ತರಗತಿಯಲ್ಲಿ ರಸಸಿದ್ಧಾಂತವನ್ನು ಪಾಠ ಹೇಳುವಾಗ, ಅದ್ಭುತರಸಕ್ಕೆ ವಿಸ್ಮಯವೇ ಸ್ಥಾಯಿಭಾವವೆಂದೂ, ಭರತಮುನಿಯು ಅದರ ವಿಭಾವಗಳಲ್ಲಿ ಮಾಯೆ ಇಂದ್ರಜಾಲಗಳನ್ನೂ ಸೇರಿಸಿದ್ದಾನೆಂದೂ ಹೇಳುತ್ತಿದ್ದೆ. ಹೊರಗೆ ಬಂದು ಪೌರಾಣಿಕ ಸಿನೆಮಾದ ಭಿತ್ತಿಪತ್ರ ಕಂಡರೆ ಮೂಗು ಮುರಿಯುತ್ತಿದ್ದೆ. ಈ ಎರಡು ನಡತೆಗಳಿಗೂ ಹೊಂದಿಕೆಯಿಲ್ಲವೆಂದು ನನಗೆ ತೋರಿಸಿಕೊಟ್ಟದ್ದು ಫಾಲ್ಕೆಯವರ ಬಾಳು.

ಅವರು ಹುಟ್ಟಿದ್ದು 1870ನೆಯ ಏಪ್ರಿಲ್ 30ರಂದು, ನಾಶಿಕದ ಸಮೀಪದ ತ್ರ್ಯಂಬಕೇಶ್ವರದಲ್ಲಿ. ಗೋದಾವರಿ ಹುಟ್ಟುವ ಕ್ಷೇತ್ರವದು, ಮನೆತನ ವೈದಿಕರದು. ತಂದೆ ದಾಜಿಶಾಸ್ತ್ರಿಗಳು ಸಂಸ್ಕೃತ ವಿದ್ವಾಂಸರು. ಮುಂಬಯಿಯ ವಿಲ್ಸನ್ ಕಾಲೇಜಿನಲ್ಲಿ ಅಧ್ಯಾಪಕರಾದಾಗ ಸಂಸಾರ ಮುಂಬಯಿಗೆ ಬಂದಿತು. ಮಗನೂ ಶಾಸ್ತ್ರಿಯಾಗಬೇಕಿತ್ತು. ಅವನು 1885ರಲ್ಲಿ ಜೆ.ಜೆ. ಕಲಾಶಾಲೆಗೆ ಸೇರಿ ಚಿತ್ರ ಬರೆಯಲು ಕಲಿತ. ಬಳಿಕ ಬಡೋದೆಯ ಕಲಾಭವನಕ್ಕೆ ಹೋಗಿ ವರ್ಣಚಿತ್ರ, ಛಾಯಾಗ್ರಹಣ, ಅಚ್ಚಿನ ಕೆಲಸ ಎಲ್ಲದರಲ್ಲಿಯೂ ಕೈಹಾಕಿದ. ಗಜ್ಜರ ಎಂಬ ಪ್ರಾಧ್ಯಾಪಕರು ಹುಡುಗನ ಕೈಚಳಕವನ್ನು ಗುರುತಿಸಿ, ರತ್ಲಾಮಿಗೆ ಕಳಿಸಿ ಚಿತ್ರಗಳನ್ನು ಅಚ್ಚಿಗೆ ಇಳಿಸುವ ಬ್ಲಾಕುಗಳ ವಿದ್ಯೆಯನ್ನು ಕಲಿಸಿದರು. ಹೀಗೆ ಒಂದರ ಬೆನ್ನಿಗೆ ಒಂದು ಕಸುಬು. ಯಾವುದರಲ್ಲಿಯೂ ನೆಲೆ ನಿಲ್ಲದ ಈ ಅಲೆದಾಟವನ್ನು ಕಂಡು ಬಂಧುಗಳು ಚಿಂತೆ ಪಟ್ಟಿದ್ದರೆ ಆಶ್ಚರ್ಯವಿಲ್ಲ.

ಗೋಧ್ರಾದಲ್ಲಿ ಛಾಯಾಚಿತ್ರದ ಅಂಗಡಿ ತೆರೆದು ತುಸು ನೆಲೆಯಾದರು ಎನ್ನುವಷ್ಟರಲ್ಲಿ 1900ರ ಪ್ಲೇಗಿನಲ್ಲಿ ಹೆಂಡತಿಯೂ ಮಗುವೂ ತೀರಿಹೋದರು. ಅಂಗಡಿ ಮುಚ್ಚಿತು. ಬಡೋದೆಗೆ ಮರಳಿ ಮತ್ತೆ ಛಾಯಾಗ್ರಹಣ ನಡೆಸಿದರೆ, ಕ್ಯಾಮೆರಾ ಮನುಷ್ಯನ ಸತ್ತ್ವವನ್ನು ಹೀರುತ್ತದೆಂಬ ಜನರ ಭಯ ಅಡ್ಡ ಬಂದಿತು. ಆಗ ಅವರು ನಾಟಕ ಮಂಡಲಿಗಳಿಗೆ ಪಡದೆಗಳನ್ನು ಬರೆದುಕೊಡತೊಡಗಿದರು. ಅದೇ ದಿನಗಳಲ್ಲಿ ಸಂಚಾರಕ್ಕೆ ಬಂದ ಜರ್ಮನ್ ಯಕ್ಷಿಣಿಗಾರನೊಬ್ಬನಿಂದ ಇಂದ್ರಜಾಲ ವಿದ್ಯೆಯನ್ನು ಕಲಿತು, ತಮ್ಮ ಅಡ್ಡಹೆಸರಿನ ಅಕ್ಷರಗಳನ್ನು ಹಿಂದುಮುಂದು ಮಾಡಿ ಪ್ರೊಫೆಸರ್ ಕೆಲ್ಫಾ ಎಂದು ಕರೆದುಕೊಂಡು ಆಟ ತೋರಿಸಿದರು. ಶಾಸ್ತ್ರಿಗಳ ಮಗ ಬರಿಗೈಯಿಂದ ನಾಣ್ಯ ತೆಗೆಯುತ್ತಿರುವುದನ್ನು ಊಹಿಸಿಕೊಂಡರೆ ನಗೆ ಬರುತ್ತದೆ. ಜೀವನಚರಿತ್ರಕಾರರು ಈ ಘಟ್ಟವನ್ನು ಸಾಮಾನ್ಯವಾಗಿ ಒಂದು ಸಾಲಿನಲ್ಲಿ ಮುಗಿಸುತ್ತಾರೆ. ನನಗಾದರೋ ಅವರ ಇಡೀ ಬಾಳಿನ ಕೀಲಿಕೈ ಇಲ್ಲಿಯೇ ಇದೆಯೆನಿಸುತ್ತದೆ. ನೋಡುವವನ ಕಣ್ಣು ಎಲ್ಲಿ ನಿಲ್ಲುತ್ತದೆ, ಎಲ್ಲಿ ತಪ್ಪುತ್ತದೆ ಎಂಬುದನ್ನು ಅವರು ಅಭ್ಯಾಸ ಮಾಡಿದ್ದು ಯಕ್ಷಿಣಿಯ ಮೇಜಿನ ಹಿಂದೆ ನಿಂತು.

ನಾಟಕದ ಪಡದೆಗಳ ಮಾತು ಬಂದುದರಿಂದ ಒಂದು ಮಾತನ್ನು ಹೇಳಿ ಮುಂದೆ ಸಾಗುತ್ತೇನೆ. ಕನ್ನಡಿಗನಾದ ನನಗೆ ಇದನ್ನು ಹೇಳದೆ ಇರುವುದು ಕಷ್ಟ. ಫಾಲ್ಕೆಯವರು ಬೆಳೆದ ಮರಾಠಿ ರಂಗಭೂಮಿಯ ಬೇರುಗಳಲ್ಲಿ ಒಂದು ನಮ್ಮ ನೆಲದಲ್ಲಿದೆ. ಉತ್ತರ ಕನ್ನಡದ ಭಾಗವತ ಮೇಳವೊಂದು ಸಾಂಗಲಿಗೆ ಹೋಗಿ ಆಡಿದ ಆಟವನ್ನು ಕಂಡು ಮೆಚ್ಚಿದ ಅಲ್ಲಿಯ ಅರಸರು, ಅಂಥದೇ ಒಂದನ್ನು ಮರಾಠಿಯಲ್ಲಿ ಕಟ್ಟಿಸಲು ವಿಷ್ಣುದಾಸ ಭಾವೆಯವರನ್ನು ತೊಡಗಿಸಿದರು. 1843ರಲ್ಲಿ ‘ಸೀತಾಸ್ವಯಂವರ’ ರಂಗಕ್ಕೇರಿತು. ಮರಾಠಿ ಸಂಗೀತ ನಾಟಕವನ್ನು ಬೆಳಗಿಸಿದ ಅಣ್ಣಾಸಾಹೇಬ ಕಿರ್ಲೋಸ್ಕರರು ಹುಟ್ಟಿದ್ದು ಬೆಳಗಾವಿ ಜಿಲ್ಲೆಯ ಗುರ್ಲಹೊಸೂರಿನಲ್ಲಿ. ಮರಾಠಿ ಮಂಡಲಿಗಳು ನಮ್ಮ ಊರುಗಳನ್ನು ಆವರಿಸಿಕೊಂಡಾಗ, ಶಾಂತಕವಿಗಳು ಗದಗಿನಲ್ಲಿ ಕೃತಪುರ ನಾಟಕ ಮಂಡಳಿಯನ್ನು ಕಟ್ಟಿ ಕನ್ನಡಕ್ಕೆ ಅದನ್ನು ಮರಳಿ ತಂದುದು 1870ರ ದಶಕದಲ್ಲಿ. ಫಾಲ್ಕೆಯವರ ಕಾಲಕ್ಕೆ ಧಾರವಾಡವೂ ಗದಗವೂ ನಾಶಿಕವೂ ಒಂದೇ ಮುಂಬಯಿ ಇಲಾಖೆಯಲ್ಲಿದ್ದವು. ಹೀಗಿರಲು ನಮ್ಮ ಅಜ್ಜನವರು ಜಾತ್ರೆಯ ಡೇರೆಯಲ್ಲಿ ಕಂಡ ಕೃಷ್ಣ ಪರದೇಶದವನಾಗಿರಲಿಲ್ಲ. ಬೇರೆ ದಾರಿ ಹಿಡಿದು ಮನೆಗೆ ಬಂದವನಾಗಿದ್ದ.

1902ರಲ್ಲಿ ಫಾಲ್ಕೆಯವರಿಗೆ ಎರಡನೆಯ ಮದುವೆಯಾಯಿತು. ಹುಡುಗಿ ಕಿರ್ಲೋಸ್ಕರ ನಾಟಕ ಮಂಡಲಿಯ ನಂಟಿನ ಕರಂದೀಕರ ಮನೆತನದವಳು. ಹೆಸರು ಗಿರಿಜಾ, ಗಂಡನ ಮನೆಯಲ್ಲಿ ಸರಸ್ವತಿಯಾದಳು. ಮರುವರ್ಷ ಅವರು ಸರಕಾರದ ಪ್ರಾಚ್ಯವಸ್ತು ಇಲಾಖೆಯಲ್ಲಿ ಛಾಯಾಗ್ರಾಹಕರಾಗಿ ಸೇರಿದರು. ಸ್ವದೇಶಿ ಚಳುವಳಿಯ ಗಾಳಿ ಬೀಸಿದಾಗ ಆ ನೌಕರಿಯನ್ನು ಬಿಟ್ಟು ಲೋನಾವಳಾದಲ್ಲಿ ಮುದ್ರಣಾಲಯ ತೆರೆದರು. ರವಿವರ್ಮರ ಹೆಸರಿನ ಅಚ್ಚುಕೂಟಕ್ಕೂ ಕೆಲಸ ಮಾಡಿಕೊಟ್ಟರು. ಗೋಡೆಗೆ ತೂಗುಹಾಕುವ ಲಕ್ಷ್ಮೀ ಸರಸ್ವತಿಯರ ಆ ಬಣ್ಣದ ಪಟಗಳು ನಮ್ಮ ಸೀಮೆಯ ಯಾವ ಪಡಸಾಲೆಯಲ್ಲಿ ಇರಲಿಲ್ಲ? ದೇವರ ಮುಖ ಹೇಗಿರಬೇಕೆಂದು ಜನರಿಗೆ ಕಲಿಸಿದ ಪಟಗಳು ಅವು. ಅವುಗಳನ್ನು ಕಲ್ಲಿನ ಮೇಲಿಂದ ಕಾಗದಕ್ಕೆ ಇಳಿಸುವ ವಿದ್ಯೆ ಬಲ್ಲವರು ಮುಂದೆ ಅವೇ ದೇವರುಗಳನ್ನು ನಡೆದಾಡುವಂತೆ ಮಾಡಿದರು. 1909ರಲ್ಲಿ ಬಣ್ಣದ ಅಚ್ಚಿನ ಯಂತ್ರಗಳಿಗಾಗಿ ಜರ್ಮನಿಗೆ ಹೋಗಿ ಬಂದರು. ಪಾಲುದಾರರೊಡನೆ ಮನಸ್ಸು ಮುರಿಯಿತು. ಚೆನ್ನಾಗಿ ನಡೆಯುತ್ತಿದ್ದ ಮುದ್ರಣಾಲಯವನ್ನು ಬಿಟ್ಟು ಎದ್ದುಬಂದರು. ಪಾಲುದಾರರೊಡನೆ ಹೊಂದಿಕೊಳ್ಳುವುದು ಅವರ ಹಣೆಯಲ್ಲಿ ಬರೆದಿರಲಿಲ್ಲ.

ನಾಲ್ವತ್ತರ ವಯಸ್ಸು, ಕೈಯಲ್ಲಿ ಕೆಲಸವಿಲ್ಲ, ಮನೆಯಲ್ಲಿ ಚಿಕ್ಕ ಮಕ್ಕಳು. ಇಂಥ ಹೊತ್ತಿನಲ್ಲಿ, 1910–11ರ ಸುಮಾರಿಗೆ, ಮುಂಬಯಿಯ ಗಿರಗಾಂವದ ಡೇರೆಯೊಂದರಲ್ಲಿ ಏಸುಕ್ರಿಸ್ತನ ಜೀವನವನ್ನು ಕುರಿತ ಚಲಚ್ಚಿತ್ರವನ್ನು ಅವರು ನೋಡಿದರು. ಪಡದೆಯ ಮೇಲೆ ಕ್ರಿಸ್ತ ನಡೆಯುತ್ತಿದ್ದಂತೆ ಅವರ ಒಳಗಣ್ಣಿಗೆ ರಾಮಕೃಷ್ಣರು, ಗೋಕುಲ ಅಯೋಧ್ಯೆಗಳು ಕಾಣತೊಡಗಿದವು. ಮರುಸಲ ಹೆಂಡತಿಯನ್ನೂ ಕರೆದುಕೊಂಡು ಹೋದರು. ಅಲ್ಲಿಂದ ಅವರಿಗೆ ನಿದ್ರೆಯಿಲ್ಲ. ಸಿಕ್ಕ ಪುಸ್ತಕ, ಸಿಕ್ಕ ಆಟಿಗೆಯ ಯಂತ್ರ, ದಿನಕ್ಕೆ ಹಲವು ಗಂಟೆ ಚಿತ್ರಮಂದಿರದ ಕತ್ತಲೆ. ಕಣ್ಣು ಬತ್ತಿ, ಕೊನೆಗೆ ದೃಷ್ಟಿಯೇ ಹೋದಂತಾಯಿತು; ವೈದ್ಯರೊಬ್ಬರ ಚಿಕಿತ್ಸೆಯಿಂದ ಅದು ಮರಳಿತು. ಜೀವವಿಮೆಯ ಪತ್ರಗಳನ್ನು ಒತ್ತೆಯಿಟ್ಟು 1912ರ ಫೆಬ್ರುವರಿಯಲ್ಲಿ ಲಂಡನ್ನಿಗೆ ಹೊರಟರು. ಅಲ್ಲಿ ಗುರುತು ಪರಿಚಯ ಯಾರದೂ ಇರಲಿಲ್ಲ. ತಾವು ಚಂದಾದಾರರಾಗಿದ್ದ ‘ಬಯೋಸ್ಕೋಪ್’ ಪತ್ರಿಕೆಯ ಕಚೇರಿಯ ಫಲಕವನ್ನು ಬೀದಿಯಲ್ಲಿ ಕಂಡು ನೇರವಾಗಿ ಒಳಹೊಕ್ಕರು. ಸಂಪಾದಕ ಮೊದಲು ಬೇಡವೆಂದ. ಈ ಮನುಷ್ಯನ ಹಟವನ್ನು ಕಂಡು ಬಳಿಕ ಸೆಸಿಲ್ ಹೆಪ್ವರ್ಥ್ ಎಂಬ ಚಿತ್ರತಯಾರಕನ ಬಳಿಗೆ ಕರೆದೊಯ್ದ. ಹೆಪ್ವರ್ಥ್ ತನ್ನ ಕಾರ್ಯಾಗಾರದ ಎಲ್ಲ ವಿಭಾಗಗಳನ್ನೂ ತೋರಿಸಿದ. ವಿಲಿಯಮ್ಸನ್ ಕ್ಯಾಮೆರಾ ಒಂದನ್ನು ಕೊಂಡು ಫಾಲ್ಕೆ ಊರಿಗೆ ಮರಳಿದರು.

ಸಾಲ ಕೊಡುವವರಿಗೆ ಈ ಹೊಸ ವಿದ್ಯೆಯ ಮೇಲೆ ನಂಬಿಕೆ ಹುಟ್ಟಿಸಬೇಕಲ್ಲ? ಅವರು ಕುಂಡದಲ್ಲಿ ಬಟಾಣಿ ಬಿತ್ತಿ, ಕ್ಯಾಮೆರಾವನ್ನು ಅದರೆದುರಿಗೆ ಅಲುಗದಂತೆ ನಿಲ್ಲಿಸಿ, ದಿನದಿನವೂ ಕೆಲವೇ ಚೌಕಟ್ಟುಗಳಂತೆ ತಿಂಗಳ ಮೇಲೆ ಚಿತ್ರ ತೆಗೆದರು. ಪಡದೆಯ ಮೇಲೆ ಬೀಜ ಒಡೆದು ಬಳ್ಳಿಯಾಗುವುದು ಸುಮಾರು ಒಂದು ನಿಮಿಷದಲ್ಲಿ ಮುಗಿಯಿತು. ನೋಡಿದವರು ಬೆರಗಾದರು, ಹಣ ಹುಟ್ಟಿತು. ಈ ಪುಟ್ಟ ಚಿತ್ರವನ್ನು ನಾನು ಅವರ ಮೊದಲ ಅದ್ಭುತಚಿತ್ರವೆಂದೇ ಎಣಿಸುತ್ತೇನೆ. ಅದರಲ್ಲಿ ದೇವರಿಲ್ಲ, ರಾಕ್ಷಸರಿಲ್ಲ, ಮೋಸವೂ ಇಲ್ಲ. ಇದ್ದ ಬೀಜವೇ, ಆದ ಬೆಳವಣಿಗೆಯೇ. ಕಾಲವನ್ನು ಮಡಿಚಿದ್ದರಿಂದ ಮಾತ್ರ ಅದು ವಿಸ್ಮಯವಾಯಿತು. ಒಕ್ಕಲುತನದ ಊರಿನಲ್ಲಿ ಹುಟ್ಟಿದ ನನಗೆ ಅದರ ಸೊಗಸು ಬೇಗ ಅರ್ಥವಾಗುತ್ತದೆ. ನಮ್ಮ ಎರಿಹೊಲದಲ್ಲಿ ಕಡಲೆ ಬಿತ್ತಿದವನು ದಿನಾ ಹೋಗಿ ನೋಡುತ್ತಾನೆ. ಆದರೂ ಅದು ಬೆಳೆಯುವುದನ್ನು ಕಂಡವರಿಲ್ಲ.

‘ರಾಜಾ ಹರಿಶ್ಚಂದ್ರ’ದ ಕಥೆ ಹಲವರಿಗೆ ಗೊತ್ತು, ಬೇಗ ಹೇಳುತ್ತೇನೆ. ಹೆಣ್ಣು ಪಾತ್ರಕ್ಕೆ ಹೆಂಗಸರು ಸಿಗಲಿಲ್ಲ. ಬೀದಿಯ ಹೆಂಗಸರು ಕೂಡ ಒಲ್ಲೆನೆಂದರು. ಕೊನೆಗೆ ಗ್ರಾಂಟ್ ರೋಡಿನ ಖಾನಾವಳಿಯಲ್ಲಿ ಅಡುಗೆಯವನಾಗಿದ್ದ ಸಾಳುಂಕೆ ಎಂಬ ತೆಳುಮೈಯ ಹುಡುಗನನ್ನು, ಹತ್ತು ರೂಪಾಯಿಯ ಪಗಾರಕ್ಕೆ ಐದು ರೂಪಾಯಿ ಹೆಚ್ಚು ಕೊಟ್ಟು, ತಾರಾಮತಿಯನ್ನಾಗಿ ಮಾಡಿದರು. ದಾಬಕೆ ಎಂಬವರು ಹರಿಶ್ಚಂದ್ರ. ಫಾಲ್ಕೆಯವರ ಮಗ ಭಾಲಚಂದ್ರ ರೋಹಿತಾಶ್ವ. ಚಿತ್ರ 1913ನೆಯ ಮೇ 3ರಂದು ಮುಂಬಯಿಯ ಕಾರೊನೇಷನ್ ಚಿತ್ರಮಂದಿರದಲ್ಲಿ ಸಾರ್ವಜನಿಕರಿಗೆ ತೆರೆಯಿತು. ಅದಕ್ಕೂ ಒಂದು ವರ್ಷ ಮೊದಲು ತೋರಣೆಯವರು ‘ಪುಂಡಲೀಕ’ ನಾಟಕವನ್ನು ಚಿತ್ರೀಕರಿಸಿದ್ದರು. ಯಾರು ಮೊದಲಿಗರೆಂಬ ವ್ಯಾಜ್ಯದಲ್ಲಿ ನನಗೆ ಆಸಕ್ತಿಯಿಲ್ಲ.

ನನಗೆ ಆಸಕ್ತಿಯಿರುವುದು ಆ ಮನೆಯ ಅಡುಗೆಯ ಕೋಣೆಯಲ್ಲಿ. ದಾದರಿನ ಮನೆಯೇ ಕಾರ್ಯಾಗಾರವಾಗಿತ್ತು. ಕೆಲಸಕ್ಕೆ ಬಂದ ಹತ್ತಾರು ಜನರಿಗೆ ದಿನಾ ಅಡುಗೆ ಮಾಡಿ ಬಡಿಸಿದವರು ಸರಸ್ವತೀಬಾಯಿ. ಹಗಲು ಬಿಸಿಲಿನಲ್ಲಿ ಬಿಳಿಯ ಬಟ್ಟೆ ಹಿಡಿದು ನಿಂತು ನಟರ ಮುಖಕ್ಕೆ ಬೆಳಕು ಬೀಳುವಂತೆ ಮಾಡಿದವರೂ ಅವರೇ. ಆಗ ಫಿಲ್ಮು ವಿದೇಶದಿಂದ ಅಂಚಿಗೆ ತೂತಿಲ್ಲದೆ ಬರುತ್ತಿತ್ತು. ರಾತ್ರಿ ಎಲ್ಲರೂ ಮಲಗಿದ ಮೇಲೆ ಕತ್ತಲೆಯಲ್ಲಿ, ಬರಿಯ ಬೆರಳಿನ ಅಂದಾಜಿನಿಂದ, ಯಂತ್ರದಲ್ಲಿ ಅದಕ್ಕೆ ತೂತು ಹಾಕುತ್ತಿದ್ದರು. ರಾಸಾಯನಿಕಗಳನ್ನು ಕಲಸಿ ಚಿತ್ರವನ್ನು ತೊಳೆಯುತ್ತಿದ್ದರು. ಹಣ ಸಾಲದಾದಾಗ ಮೈಮೇಲಿನ ಒಡವೆಗಳನ್ನು ಬಿಚ್ಚಿಕೊಟ್ಟರು. ಚಲಚ್ಚಿತ್ರದ ಪಿತಾಮಹನೆಂದು ಒಬ್ಬರನ್ನು ಕರೆಯುವ ನಾವು, ಈ ತಾಯಿಗೆ ಯಾವ ಬಿರುದನ್ನೂ ಹುಡುಕಲಿಲ್ಲ. ಹೆಂಗಸರು ಕ್ಯಾಮೆರಾದ ಮುಂದೆ ಬರಲೊಲ್ಲರೆಂದು ಗಂಡಸನ್ನು ತಾರಾಮತಿ ಮಾಡಬೇಕಾಯಿತೆಂಬ ಕಥೆಯನ್ನು ನಾವು ಬಾಯಿ ಚಪ್ಪರಿಸಿ ಹೇಳುತ್ತೇವೆ. ಕ್ಯಾಮೆರಾದ ಹಿಂದೆ ಅದೇ ಹೊತ್ತಿಗೆ ಒಬ್ಬ ಹೆಂಗಸು ಇದ್ದಳೆಂಬುದು ಕಥೆಯಿಂದ ಜಾರಿಹೋಗುತ್ತದೆ.

ಅದೇ ವರ್ಷದ ‘ಮೋಹಿನಿ ಭಸ್ಮಾಸುರ’ದಲ್ಲಿ ಹೆಂಗಸರೂ ಬಂದರು: ದುರ್ಗಾಬಾಯಿ ಕಾಮತರು ಪಾರ್ವತಿಯಾಗಿ, ಅವರ ಮಗಳು ಕಮಲಾಬಾಯಿ ಮೋಹಿನಿಯಾಗಿ. 1914ರಲ್ಲಿ ಫಾಲ್ಕೆ ತಮ್ಮ ಚಿತ್ರಗಳನ್ನು ಹೊತ್ತು ಮತ್ತೆ ಲಂಡನ್ನಿಗೆ ಹೋದರು. ತಂತ್ರಕೌಶಲವನ್ನು ಅಲ್ಲಿಯವರು ಮೆಚ್ಚಿದರು. ಅಲ್ಲಿಯೇ ಉಳಿದು ಚಿತ್ರ ತೆಗೆಯುವ ಅವಕಾಶವನ್ನು ಒಲ್ಲದೆ ಮರಳಿದರು. ಮಹಾಯುದ್ಧ ಹಿಡಿದುಕೊಂಡಿತು, ಸಾಲಗಾರರು ಹಿಂದೆಗೆದರು, ಕೆಲಸ ನಿಂತಿತು. ಮತ್ತೆ ತಲೆಯೆತ್ತಿದ್ದು 1917ರ ‘ಲಂಕಾದಹನ’ದಿಂದ. ಹಿಂದಿನ ತಾರಾಮತಿ ಸಾಳುಂಕೆ ಇದರಲ್ಲಿ ರಾಮನೂ ಆದ, ಸೀತೆಯೂ ಆದ! ವಸ್ತ್ರಾಪಹಾರದ ದ್ರೌಪದಿ ಆಟ ಮುಗಿದ ಮೇಲೆ ಬೀಡಿ ಸೇದುವುದನ್ನು ಕಂಡು ಬೆಳೆದ ನಮ್ಮ ಜನಕ್ಕೆ ಇದು ವಿಚಿತ್ರವಾಗಿ ತೋರಲಾರದು. ರಾಮ ಪಡದೆಯ ಮೇಲೆ ಬಂದಾಗ ಪ್ರೇಕ್ಷಕರು ಕಾಲಿನ ಚಪ್ಪಲಿ ಕಳಚಿದರೆಂದು ಹೇಳುವುದುಂಟು. ಮದರಾಸಿನಲ್ಲಿ ಗಳಿಕೆಯ ನಾಣ್ಯಗಳನ್ನು ಪೊಲೀಸರ ಕಾವಲಿನಲ್ಲಿ ಎತ್ತಿನ ಗಾಡಿಯ ಮೇಲೆ ಸಾಗಿಸಿದರೆಂದೂ ಹೇಳುವುದುಂಟು.

ಈ ಅದ್ಭುತಗಳನ್ನು ಅವರು ಸಾಧಿಸುತ್ತಿದ್ದ ಬಗೆಯನ್ನು ತುಸು ವಿವರಿಸಬೇಕು. ಆ ಕಾಲದ ಕ್ಯಾಮೆರಾವನ್ನು ಕೈಯಿಂದ ತಿರುಗಿಸಬೇಕಿತ್ತು. ತಿರುಗಿಸುವುದನ್ನು ನಿಲ್ಲಿಸಿ, ನಟನನ್ನು ಸರಿಸಿ, ಮತ್ತೆ ತಿರುಗಿಸಿದರೆ ಪಡದೆಯ ಮೇಲೆ ಅವನು ಮಾಯವಾಗುತ್ತಾನೆ. ಒಮ್ಮೆ ಚಿತ್ರ ಹಿಡಿದ ಫಿಲ್ಮನ್ನೇ ಹಿಂದಕ್ಕೆ ಸುತ್ತಿ ಅದರ ಮೇಲೆ ಮತ್ತೊಮ್ಮೆ ಹಿಡಿದರೆ, ಎರಡು ಬಿಂಬಗಳು ಒಂದರೊಳಗೊಂದು ಕೂಡುತ್ತವೆ. ಕಪ್ಪು ಬಟ್ಟೆ ಫಿಲ್ಮಿನ ಮೇಲೆ ಗುರುತು ಮೂಡಿಸುವುದಿಲ್ಲವಾದ್ದರಿಂದ, ದೇಹವನ್ನು ಕಪ್ಪಿನಿಂದ ಮುಚ್ಚಿದವನ ತಲೆ ಮಾತ್ರ ಗಾಳಿಯಲ್ಲಿ ತೇಲುತ್ತದೆ. ಹೇಳಿದರೆ ಇಷ್ಟೇ. ಆದರೆ ಎರಡನೆಯ ಬಾರಿ ತಿರುಗಿಸುವಾಗ ಕೈಯ ವೇಗ ಮೊದಲಿನಷ್ಟೇ ಇರಬೇಕು. ಎಣಿಕೆ ಒಂದು ತಪ್ಪಿದರೂ ದೇವರು ಕಂಬದೊಳಗೆ ಸಿಕ್ಕಿಕೊಳ್ಳುತ್ತಾನೆ. 1918ರ ‘ಶ್ರೀಕೃಷ್ಣ ಜನ್ಮ’ದಲ್ಲಿ ಕಂಸನ ಭೀತಿಯನ್ನು ತೋರಿಸುವಾಗ ಅವನ ತಲೆ ಮುಂಡವನ್ನು ಬಿಟ್ಟು ಮೇಲೇರಿ ಮತ್ತೆ ಬಂದು ಕೂಡುತ್ತದೆ. ಇಲ್ಲಿ ಚಮತ್ಕಾರ ಚಮತ್ಕಾರಕ್ಕಾಗಿ ಬಂದಿಲ್ಲ. ಹೆದರಿದವನ ಮನಸ್ಸಿನೊಳಗೆ ನಡೆಯುವುದನ್ನು ಮಾತಿಲ್ಲದೆ ಹೊರಗೆ ತೋರಿಸಬೇಕಾಗಿತ್ತು. ತೋರಿಸಲು ಅದಲ್ಲದೆ ಬೇರೆ ದಾರಿಯಿರಲಿಲ್ಲ. ಕವಿಯಾದವನು ಉಪಮೆ ರೂಪಕಗಳಿಂದ ಮಾಡುವುದನ್ನು ಅವರು ಕಪ್ಪು ಬಟ್ಟೆಯಿಂದ ಮಾಡಿದರು.

ಇದೇ ಬಗೆಯ ಮನುಷ್ಯನೊಬ್ಬ ಫ್ರಾನ್ಸಿನಲ್ಲಿಯೂ ಇದ್ದ. ಝಾರ್ಜ್ ಮೆಲಿಯೆ ಎಂಬ ಆತ ಕೂಡ ಮೊದಲು ಯಕ್ಷಿಣಿಗಾರ. 1902ರಲ್ಲಿ ಚಂದ್ರಲೋಕದ ಯಾತ್ರೆಯನ್ನು ಚಿತ್ರವಾಗಿಸಿ ಜಗತ್ತನ್ನು ನಗಿಸಿದವನು. ಕೊನೆಗೆ ದಿವಾಳಿಯೆದ್ದು, ತನ್ನ ಚಿತ್ರಗಳನ್ನು ತಾನೇ ಸುಟ್ಟು, ಪ್ಯಾರಿಸಿನ ರೈಲುನಿಲ್ದಾಣದಲ್ಲಿ ಆಟಿಗೆ ಮಾರುತ್ತ ಕುಳಿತವನು. ಇಬ್ಬರ ವಿದ್ಯೆಯೂ ಒಂದೇ. ಪಾಡೂ ಹೆಚ್ಚು ಕಡಿಮೆ ಒಂದೇ. ಆದರೆ ಮೆಲಿಯೆಯ ಪ್ರೇಕ್ಷಕ ಅದು ಕಣ್ಕಟ್ಟೆಂದು ತಿಳಿದೇ ನಕ್ಕ. ಫಾಲ್ಕೆಯವರ ಪ್ರೇಕ್ಷಕ ಕಣ್ಕಟ್ಟೆಂದು ತಿಳಿದೂ ಕೈಮುಗಿದ. ದೊಡ್ಡಾಟದ ಹನುಮಂತನ ಬಾಲ ಸಣಬಿನದೆಂದು ನಮ್ಮ ಊರಿನಲ್ಲಿ ಯಾರಿಗೆ ಗೊತ್ತಿರಲಿಲ್ಲ?

1918ರಲ್ಲಿ ಐವರು ಬಂಡವಾಳಗಾರರ ಜೊತೆಗೂಡಿ ನಾಶಿಕದಲ್ಲಿ ಹಿಂದುಸ್ತಾನ್ ಫಿಲ್ಮ್ಸ್ ಕಂಪನಿ ಹುಟ್ಟಿತು. ‘ಶ್ರೀಕೃಷ್ಣ ಜನ್ಮ’, ‘ಕಾಲಿಯಾ ಮರ್ದನ’ ಎರಡೂ ಅಲ್ಲಿಯವೇ, ಎರಡೂ ಗೆದ್ದವು. ಗೆಲುವಿನ ನಡುವೆಯೇ ಜಗಳ. ಪಾಲುದಾರರು ಲೆಕ್ಕ ಕೇಳಿದರು, ಖರ್ಚಿಗೆ ಮಿತಿ ಹಾಕಬೇಕೆಂದರು. ಇವರಿಗೆ ಅದು ಅಪಮಾನವೆನಿಸಿತು. ಅವರೇನು ಕೆಟ್ಟವರಲ್ಲ, ಹಣ ಹಾಕಿದವನು ಲೆಕ್ಕ ಕೇಳುವುದು ಲೋಕರೂಢಿ. ಫಾಲ್ಕೆ ಸಿಟ್ಟಿನಿಂದ ಎಲ್ಲವನ್ನೂ ಬಿಟ್ಟು ಸಂಸಾರಸಹಿತ ಕಾಶಿಗೆ ಹೊರಟುಹೋದರು. ಅಲ್ಲಿ ಕುಳಿತು ‘ರಂಗಭೂಮಿ’ ಎಂಬ ವಿಡಂಬನೆಯ ನಾಟಕವನ್ನು ಬರೆದರು. 1922ರಲ್ಲಿ ಪುಣೆಯಲ್ಲಿ ಅದನ್ನು ಆಡಿಸಿದಾಗ ಜನ ಒಪ್ಪಲಿಲ್ಲ. ಅದೇ ವರ್ಷ ತಾವು ಬಿಟ್ಟ ಕಂಪನಿಗೇ ನೌಕರರಾಗಿ ಮರಳಿದರು.

ಮರಳಿ ಬಂದಾಗ ಕಾಲ ಮುಂದೆ ಹೋಗಿತ್ತು. ಕೊಲ್ಹಾಪುರದಲ್ಲಿ ಬಾಬುರಾವ ಪೇಂಟರರು ಎದ್ದಿದ್ದರು. ಮುಂಬಯಿಯ ಕೊಹಿನೂರ್ ಕಂಪನಿ 1924ರಲ್ಲಿ ‘ಗುಲ್-ಎ-ಬಕಾವಲಿ’ಯನ್ನು ತೆಗೆಯಿತು, 1926ರಲ್ಲಿ ಫಾತ್ಮಾ ಬೇಗಂ, ನಮ್ಮ ದೇಶದ ಮೊದಲ ಮಹಿಳಾ ನಿರ್ದೇಶಕಿ, ‘ಬುಲ್‌ಬುಲ್-ಎ-ಪರಿಸ್ತಾನ್’ ಎಂಬ ಅಪ್ಸರೆಯರ ಲೋಕದ ಚಿತ್ರವನ್ನು ಮಾಡಿದರು. ಅದ್ಭುತವು ಪುರಾಣದ ಅಂಗಳದಿಂದ ಪರ್ಷಿಯದ ಕಥೆಗಳ ತೋಟಕ್ಕೆ ದಾಟಿತ್ತು. ಮಾಯಾದೀಪ, ಹಾರುವ ಕಂಬಳಿ, ಕತ್ತಿಯ ಕಾಳಗಗಳಿಗೆ ಜನ ಮುಗಿಬಿದ್ದರು. ದಾರಿ ತೆರೆದವರು ಫಾಲ್ಕೆ. ಗಾಡಿಗಳು ಅವರನ್ನು ದಾಟಿ ಓಡಿದವು. ಸುಮಾರು 95 ದೊಡ್ಡ ಚಿತ್ರಗಳನ್ನೂ ಹಲವು ಕಿರುಚಿತ್ರಗಳನ್ನೂ ತೆಗೆದವರು ಅವರು. ಆದರೆ ಈ ವರ್ಷಗಳ ಚಿತ್ರಗಳಲ್ಲಿ ಮೊದಲಿನ ಕಸುವು ಇರಲಿಲ್ಲವೆಂಬುದು ಬಲ್ಲವರ ಮತ.

1931ರಲ್ಲಿ ಚಿತ್ರ ಮಾತನಾಡತೊಡಗಿತು. ಫಾಲ್ಕೆಯವರು ಬಹು ಕಷ್ಟದಿಂದ ತೆಗೆಯುತ್ತಿದ್ದ ‘ಸೇತುಬಂಧನ’ ಮೂಕವಾಗಿ ಮುಗಿಯುವ ಹೊತ್ತಿಗೆ ಮೂಕಚಿತ್ರಗಳ ಯುಗವೇ ಮುಗಿದಿತ್ತು. ಬಳಿಕ ಅದಕ್ಕೆ ಧ್ವನಿ ಕೂಡಿಸಿ ನೋಡಿದರು. ನಮ್ಮ ಮೊದಲ ಕನ್ನಡ ವಾಕ್ಚಿತ್ರ ‘ಸತಿ ಸುಲೋಚನಾ’ 1934ರಲ್ಲಿ ಬಂದಿತು. ಅದು ತಯಾರಾದದ್ದು ಕೊಲ್ಹಾಪುರದ ಛತ್ರಪತಿ ಸಿನೆಟೋನಿನಲ್ಲಿ. ಕಥೆ ಇಂದ್ರಜಿತುವಿನ ಹೆಂಡತಿಯದು. ಕನ್ನಡ ಚಿತ್ರವೂ ಮೊದಲ ಮಾತನ್ನು ಲಂಕೆಯಿಂದಲೇ ಆಡಿತೆಂಬುದು ಸ್ವಾರಸ್ಯದ ಸಂಗತಿ. ಅದೇ ಕೊಲ್ಹಾಪುರದಲ್ಲಿ, ಅಲ್ಲಿಯ ಮಹಾರಾಜರ ಕರೆಯ ಮೇರೆಗೆ, 1937ರಲ್ಲಿ ಫಾಲ್ಕೆ ‘ಗಂಗಾವತರಣ’ವನ್ನು ತೆಗೆದರು. ಅವರ ಒಂದೇ ವಾಕ್ಚಿತ್ರ, ಕೊನೆಯ ಚಿತ್ರ. ಆಗ ಅವರಿಗೆ ಅರುವತ್ತೇಳು. ಗೋದಾವರಿಯ ತೀರದಲ್ಲಿ ಹುಟ್ಟಿದವರು ಗಂಗೆಯನ್ನು ಸ್ವರ್ಗದಿಂದ ಇಳಿಸಿ ಕೈತೊಳೆದುಕೊಂಡರು.

ನಾಶಿಕಕ್ಕೆ ಮರಳಿದವರಿಗೆ ಆಸ್ತಿಯೆನ್ನುವುದು ಉಳಿದಿರಲಿಲ್ಲ. 1939ರಲ್ಲಿ ಚಿತ್ರೋದ್ಯಮ ತನ್ನ ಇಪ್ಪತ್ತೈದನೆಯ ವರ್ಷದ ಉತ್ಸವ ಆಚರಿಸಿದಾಗ, ಶಾಂತಾರಾಮರ ಮುಂದಾಳುತನದಲ್ಲಿ ಒಂದಿಷ್ಟು ನಿಧಿ ಕೂಡಿ ಅವರಿಗೆ ವಾಸಕ್ಕೆ ಮನೆಯಾಯಿತು. ಮುದುಕನಿಗೆ ಇನ್ನೂ ಒಂದು ಚಿತ್ರ ತೆಗೆಯುವ ಆಸೆ. ಎರಡನೆಯ ಮಹಾಯುದ್ಧದ ನಿರ್ಬಂಧಗಳಿದ್ದುದರಿಂದ ಚಿತ್ರ ತೆಗೆಯಲು ಸರಕಾರದ ಅಪ್ಪಣೆ ಬೇಕಾಗಿತ್ತು. ಅರ್ಜಿ ಹೋಯಿತು, ಅಪ್ಪಣೆಯಿಲ್ಲವೆಂಬ ಉತ್ತರ ಬಂದಿತು. ಅದು ಕೈಸೇರಿದ ಎರಡು ದಿನಗಳ ಮೇಲೆ, 1944ನೆಯ ಫೆಬ್ರುವರಿ 16ರಂದು, ಅವರು ತೀರಿಕೊಂಡರು.

ಅವರ ಚಿತ್ರಗಳಲ್ಲಿ ಬಹುತೇಕ ಹಾಳಾಗಿಹೋಗಿವೆ. ಆ ಕಾಲದ ಫಿಲ್ಮು ಬೇಗ ಬೆಂಕಿ ಹಿಡಿಯುವಂಥದು, ಹಾಗೆಯೇ ಇಟ್ಟರೆ ಕರಗಿ ಪುಡಿಯಾಗುವಂಥದು. ‘ಹರಿಶ್ಚಂದ್ರ’ದ ಒಂದೆರಡು ಸುರುಳಿಗಳು, ‘ಲಂಕಾದಹನ’ ‘ಕೃಷ್ಣಜನ್ಮ’ಗಳ ತುಣುಕುಗಳು ಉಳಿದಿವೆ. ಅದೃಷ್ಟವಶಾತ್ ‘ಕಾಲಿಯಾ ಮರ್ದನ’ದ ಬಹುಭಾಗ ಉಳಿದಿದೆ. ಹೋದ ವರ್ಷ ಅದ್ಭುತರಸದ ಪಾಠ ಬಂದಾಗ, ನಾನು ಕಾಲೇಜಿನ ಒಂದು ಕೋಣೆಯ ಕಿಟಕಿಗಳನ್ನು ಮುಚ್ಚಿಸಿ ಅದನ್ನು ವಿದ್ಯಾರ್ಥಿಗಳಿಗೆ ತೋರಿಸಿದೆ. ಅವರೆಲ್ಲ ಗಣಕಯಂತ್ರದಲ್ಲಿ ಹುಟ್ಟಿದ ದೈತ್ಯರನ್ನೂ ಹಾರುವ ನಗರಗಳನ್ನೂ ಅಂಗೈಯೊಳಗೆ ನೋಡುವವರು. ನಕ್ಕಾರೆಂಬ ಅಳುಕು ನನಗಿತ್ತು. ಮೊದಲು ನಕ್ಕರು ಕೂಡ. ಚಿತ್ರ ತೊಡಗುವುದು ಮಂದಾಕಿನಿಯ ಮುಖದಿಂದ. ವೇಷವಿಲ್ಲದ ಪುಟ್ಟ ಹುಡುಗಿ ಸಿಟ್ಟು, ನಗು, ಅಳು, ಬೆರಗುಗಳನ್ನು ಒಂದಾದ ಮೇಲೊಂದು ಮುಖದಲ್ಲಿ ತಂದು ತೋರಿಸುತ್ತಾಳೆ. ಬಳಿಕ ಆ ಮುಖ ಕರಗಿ ಕೃಷ್ಣನಾಗುತ್ತದೆ. ತಂದೆ ಆಟದ ಗುಟ್ಟನ್ನು ಆಟಕ್ಕೆ ಮೊದಲೇ ಬಿಚ್ಚಿಟ್ಟಿದ್ದಾರೆ: ಇದು ನನ್ನ ಮಗಳು, ಇನ್ನು ಮೇಲೆ ದೇವರು.

ಮಡುವಿನ ದೃಶ್ಯ ಬರುವ ಹೊತ್ತಿಗೆ ಕೋಣೆಯಲ್ಲಿ ಸದ್ದಿರಲಿಲ್ಲ. ಹಾವು ಬಟ್ಟೆಯದೆಂದು ಎದ್ದು ಕಾಣುತ್ತಿತ್ತು. ಹುಡುಗಿ ಅದರ ಹೆಡೆಯ ಮೇಲೆ ನಿಂತು ಮೇಲೆ ಬಂದಳು. ದೀಪ ಹಾಕಿ ನಾನು ರಸಸಿದ್ಧಾಂತದ ಪುಸ್ತಕ ತೆರೆಯುತ್ತಿದ್ದಂತೆ, ಹಿಂದಿನ ಬೆಂಚಿನ ಹುಡುಗನೊಬ್ಬ ಎದ್ದು ನಿಂತು, ಹಾವು ಏಳುವ ಭಾಗವನ್ನು ಇನ್ನೊಮ್ಮೆ ಹಾಕಬಹುದೇ ಎಂದು ಕೇಳಿದ. ಪುಸ್ತಕ ಮುಚ್ಚಿ ಮತ್ತೆ ದೀಪ ಆರಿಸಿದೆ.